ಅಪ್ಪನ ಅಂಗೈ, ಅತ್ತೆಯ ಹೆಬ್ಬೆರಳು

ಮಿಮಿಕ್ರಿ ಮಾಡುವವನಿಗೆ ಸ್ವಂತ ಮನೆಯಲ್ಲಿ ಮರ್ಯಾದೆ ಇರುವುದಿಲ್ಲ. ಇದನ್ನು ನಾನು ಬಹಳ ನೊಂದು ಹೇಳುತ್ತಿದ್ದೇನೆ. ಹಾಡುವ ಹುಡುಗನಿದ್ದರೆ ನೆಂಟರು ಬಂದಾಗ ಕೂರಿಸಿ ಒಂದು ಹಾಡು ಹೇಳಿಸುತ್ತಾರೆ. ಚಿತ್ರ ಬರೆಯುವವನಿದ್ದರೆ ಅವನು ಬರೆದದ್ದನ್ನು ಫ್ರಿಜ್ಜಿನ ಬಾಗಿಲಿಗೆ ಅಂಟಿಸುತ್ತಾರೆ. ನಾನು ಕೋಣೆಯೊಳಗೆ ಕಾಲಿಟ್ಟರೆ ಮಾತ್ರ ನಮ್ಮ ಮನೆಯವರೆಲ್ಲ ಆಡುತ್ತಿದ್ದ ಮಾತನ್ನು ಅರ್ಧಕ್ಕೆ ನಿಲ್ಲಿಸುತ್ತಾರೆ. ಅಮ್ಮನಂತೂ ಬಂದ ಕೆಮ್ಮನ್ನೂ ತಡೆದುಕೊಳ್ಳುತ್ತಾಳೆ, ಇವನು ಅದನ್ನೂ ಎಲ್ಲಾದರೂ ಸ್ಟೇಜಿಗೆ ಹತ್ತಿಸಿಬಿಟ್ಟಾನು ಅಂತ. ಅವಳ ಭಯ ಸುಳ್ಳೇನಲ್ಲ. ಅಮ್ಮನ ಕೆಮ್ಮು ಯಲಹಂಕ ಉಪನಗರದ ಒಂದು ಗಣೇಶನ ಪೆಂಡಾಲಿನಲ್ಲಿ ಈಗಾಗಲೇ ಒನ್ಸ್‌ಮೋರ್ ಗಿಟ್ಟಿಸಿದೆ.

ಹಗಲು ಹೊತ್ತು ನಾನು ಆರ್.ಟಿ. ನಗರದ ಒಂದು ಕನ್ನಡಕದ ಅಂಗಡಿಯಲ್ಲಿ ಕೆಲಸಕ್ಕಿದ್ದೇನೆ. ಊರಿನವರಿಗೆಲ್ಲ ಕಣ್ಣು ಚೆನ್ನಾಗಿ ಕಾಣುವಂತೆ ಮಾಡುವುದು ನನ್ನ ಹೊಟ್ಟೆಪಾಡು. ಕಾಣಬಾರದ್ದು ಯಾರಿಗೂ ಕಾಣದಂತೆ ನೋಡಿಕೊಳ್ಳುವುದು ಅಲ್ಲಾಳಸಂದ್ರದ ನಮ್ಮ ಮನೆತನದ ಕಸುಬು. ಈ ಎರಡರ ನಡುವೆ ಸಿಕ್ಕಿ ನಾನು ಹೇಗೆ ಮಣ್ಣುಮುಕ್ಕಿದೆ ಎಂಬುದನ್ನು ಯಾರ ಹತ್ತಿರವಾದರೂ ಹೇಳಿಕೊಳ್ಳಲೇಬೇಕಾಗಿದೆ. ಸ್ನೇಹಿತರಿಗೆ ಹೇಳಿದರೆ ನಕ್ಕುಬಿಡುತ್ತಾರೆ. ನೀವೂ ನಗುತ್ತೀರಿ, ಆದರೆ ನಿಮ್ಮ ಮುಖ ನನಗೆ ಕಾಣುವುದಿಲ್ಲ, ಅಷ್ಟು ಸಮಾಧಾನ.

ಕಸುಬು ಅಂದೆನಲ್ಲ, ಅದು ಬರೀ ಮಾತಿಗೆ ಅಂದದ್ದಲ್ಲ. ನಮ್ಮಪ್ಪ ಯಶವಂತಪುರದ ಕಡೆ ಒಂದು ಥಿಯೇಟರಿನಲ್ಲಿ ಪ್ರೊಜೆಕ್ಟರ್ ಓಡಿಸುತ್ತಿದ್ದವರು. ಈಗ ಆ ಥಿಯೇಟರ್ ಇದ್ದ ಜಾಗದಲ್ಲಿ ಸೀರೆ ಅಂಗಡಿ ಬಂದಿದೆ. ಆಗ ಮ್ಯಾಟಿನಿಗೆ ಹೆಂಗಸರು ಮಕ್ಕಳು ಜಾಸ್ತಿ ಬರುತ್ತಿದ್ದರಿಂದ ಮಾಲೀಕರದ್ದೊಂದು ಅಪ್ಪಣೆ ಇತ್ತಂತೆ: ನಾಯಕ ತನ್ನ ಮುಖವನ್ನು ನಾಯಕಿಯ ಮುಖದ ಹತ್ತಿರ ತಂದ ಕೂಡಲೇ ಆಪರೇಟರು ಲೆನ್ಸಿನ ಮುಂದೆ ಅಂಗೈ ಅಡ್ಡ ಹಿಡಿಯಬೇಕು. ಪರದೆ ಕತ್ತಲಾಗುತ್ತಿತ್ತು, ಆದರೆ ಸದ್ದು ನಡೆದೇ ಇರುತ್ತಿತ್ತು. ಬಳೆ ಸದ್ದು, ಉಸಿರಿನ ಸದ್ದು, ಹಿಂದೆ ಒಂದು ಸ್ಯಾಕ್ಸಫೋನು. ಕತ್ತಲಲ್ಲಿ ಕೂತವರು ತಮತಮಗೆ ಬೇಕಾದದ್ದನ್ನು ತಾವೇ ಕಲ್ಪಿಸಿಕೊಳ್ಳುತ್ತಿದ್ದರು. ತೋರಿಸಿದ್ದರೂ ಅಷ್ಟು ಕಾಣುತ್ತಿತ್ತೋ ಇಲ್ಲವೋ. ಅಪ್ಪ ಯಾವ ಸಿನಿಮಾದಲ್ಲಿ ಎಷ್ಟು ಹೊತ್ತು ಕೈ ಹಿಡಿಯಬೇಕೆಂದು ಬಾಯಿಪಾಠ ಮಾಡಿದ್ದರು. ಕಥೆ ಏನು ಅಂತ ಕೇಳಿದರೆ ಮಾತ್ರ ಇವತ್ತಿಗೂ ಅವರಿಗೆ ನೆನಪಿಲ್ಲ.

ಥಿಯೇಟರ್ ಹೋಯಿತು, ಅಂಗೈ ಉಳಿಯಿತು. ಮನೆಯಲ್ಲಿ ಟೀವಿ ನೋಡುವಾಗ ಅಪ್ಪ ಹೆಗಲ ಮೇಲೊಂದು ಟವೆಲ್ ಹಾಕಿಕೊಂಡೇ ಕೂರುತ್ತಿದ್ದರು. ಹಾಡಿನಲ್ಲಿ ಮಳೆ ಶುರುವಾಯಿತೆಂದರೆ ಸಾಕು, ಎದ್ದು ಹೋಗಿ ಟೀವಿಯ ಗಾಜು ಒರೆಸತೊಡಗುತ್ತಿದ್ದರು. ಅಷ್ಟು ಶುಭ್ರವಾದ ಟೀವಿ ಅಲ್ಲಾಳಸಂದ್ರದಲ್ಲಿ ಇನ್ನೊಂದಿರಲಿಲ್ಲ. ಆ ಹೊತ್ತಿನಲ್ಲಿ ಉಳಿದವರಿಗೂ ಒಬ್ಬೊಬ್ಬರಿಗೆ ಒಂದೊಂದು ಪಾತ್ರ. ಅಮ್ಮ 'ಅಯ್ಯೋ, ಹಾಲಿಟ್ಟಿದ್ದೆ' ಎಂದು ಅಡುಗೆಮನೆಗೆ ಓಡುವಳು, ಒಲೆಯ ಮೇಲೆ ಏನೂ ಇರುತ್ತಿರಲಿಲ್ಲ. ಅಜ್ಜಿಗೆ ಗಕ್ಕನೆ ನಿದ್ದೆ ಬಂದು ಗೊರಕೆ ಹೊಡೆಯುವಳು. ತಂಗಿ ಸವಿತ ತನ್ನ ಉಗುರುಗಳನ್ನು ಮೊದಲ ಬಾರಿಗೆ ಕಂಡವಳಂತೆ ನೋಡುವಳು. ನಾನು ಫ್ಯಾನು. ಫ್ಯಾನಿನ ಮೇಲೆ ಬರೆದಿದ್ದ ಕಂಪನಿಯ ಹೆಸರು, ತಿರುಗುತ್ತಿರುವಾಗಲೂ ನನಗೆ ಸ್ಪಷ್ಟವಾಗಿ ಕಾಣುತ್ತಿತ್ತು. ಇನ್ನು ಅಪ್ಪನ ಅಕ್ಕ, ಅಬ್ಬಿಗೆರೆಯಲ್ಲಿರುವ ನಮ್ಮ ಸೋದರತ್ತೆ, ಬಂದಿದ್ದ ದಿನವಾದರೆ 'ಥೂ' ಎಂದು ಎರಡೂ ಕೈಯಿಂದ ಮುಖ ಮುಚ್ಚಿಕೊಂಡು, ಬೆರಳ ಸಂದಿಯಿಂದ ಪೂರ್ತಿ ನೋಡುತ್ತಿದ್ದಳು.

ಆಮೇಲೆ ಡೇಟಾ ಅಗ್ಗವಾದ ಕಾಲ ಬಂತು. ಪ್ರತಿಯೊಬ್ಬರ ಕೈಗೂ ಒಂದೊಂದು ಫೋನು. ಅಪ್ಪನ ಅಂಗೈ ಒಂದೇ. ಪಾಪ, ಎಷ್ಟು ಪರದೆಗೆ ಅಂತ ಅಡ್ಡ ಹಿಡಿದಾರು? ಅವರು ಟವೆಲ್ಲನ್ನು ಮಡಚಿ ಪಕ್ಕಕ್ಕಿಟ್ಟು, ಸಂಜೆ ಕೆರೆಯ ಸುತ್ತ ವಾಕಿಂಗ್ ಹೋಗಲು ಶುರುಮಾಡಿದರು. ನಮ್ಮ ಮನೆಯ ಸೆನ್ಸಾರು ಮುಗಿಯಿತು ಅಂತ ನಾನೊಬ್ಬ ಖುಷಿಪಟ್ಟೆ. ಅದು ಅಬ್ಬಿಗೆರೆಗೆ ವರ್ಗವಾಗಿತ್ತು, ಅಷ್ಟೇ. ವರ್ಗ ಮಾಡಿಕೊಟ್ಟವನು ಬೇರೆ ಯಾರೂ ಅಲ್ಲ.

ಆದದ್ದಿಷ್ಟು. ಹುಣಸಮಾರನಹಳ್ಳಿಯ ನೆಂಟರ ಮದುವೆಯಲ್ಲಿ ತಮಟೆ ಸದ್ದು ಕೇಳಿ ಅತ್ತೆ ನಾಲ್ಕು ಹೆಜ್ಜೆ ಹಾಕಿದ್ದಳು. ಯಾರೋ ಪುಣ್ಯಾತ್ಮ ಅದನ್ನು ಫೋನಿನಲ್ಲಿ ಹಿಡಿದು, ತಮಟೆ ತೆಗೆದು ಐಟಂ ಸಾಂಗ್ ಕೂಡಿಸಿ, 'ಅಜ್ಜಿ ಫುಲ್ ಟೈಟ್' ಅಂತ ಹೆಸರಿಟ್ಟು ಇಂಟರ್ನೆಟ್ಟಿಗೆ ಹರಿಬಿಟ್ಟ. ಅತ್ತೆ ಕಾಫಿ ಬಿಟ್ಟೇ ಎಷ್ಟೋ ವರ್ಷವಾಗಿದೆ. ಡೇರಿಗೆ ಹಾಲು ತರಲು ಹೋದವಳು ಅಲ್ಲಿನ ಹುಡುಗರು ಕಿಸಕ್ಕೆಂದದ್ದು ಕೇಳಿ, ಬರಿಗೈಲಿ ವಾಪಸು ಬಂದು, ಬಸ್ಸು ಹತ್ತಿ ನಮ್ಮ ಮನೆಗೆ ಬಂದು ಗೋಡೆಗೊರಗಿ ಕೂತು ಅತ್ತಳು. "ಇಂಗಾಯ್ತಲ್ಲೋ ಮಂಜ, ನಾನಿನ್ನು ಯಾವ ಮಕ ಒತ್ಕೊಂಡು ಈಚೆ ಓಗ್ಲಿ" ಅಂದಳು. ನನಗೆ ನಿಜವಾಗಿಯೂ ಸಂಕಟವಾಯಿತು. ವಿಡಿಯೋ ಕೆಳಗೆ ಮೂರು ಚುಕ್ಕಿ ಇರುತ್ತದೆ, ಅದನ್ನು ಒತ್ತಬೇಕು, ದೂರು ಕೊಡು ಅಂತ ಬರುತ್ತದೆ, ಯಾಕೆ ಅಂತ ಕೇಳುತ್ತದೆ, ಒಂದನ್ನು ಆರಿಸಿ ಮತ್ತೆ ಒತ್ತಬೇಕು, ತುಂಬಾ ಜನ ಒತ್ತಿದರೆ ಅವರು ತೆಗೆಯುತ್ತಾರೆ ಎಂದು ಅವಳಿಗೆ, ಅಮ್ಮನಿಗೆ, ಸವಿತಳಿಗೆ, ಫೋನಿನ ಗ್ರೂಪಿನಲ್ಲಿರುವ ಸಮಸ್ತ ಬಳಗಕ್ಕೆ ತಾಳ್ಮೆಯಿಂದ ಕಲಿಸಿದೆ. ಎಲ್ಲರೂ ಒತ್ತಿದರು. ಕೆಲವು ದಿನದಲ್ಲಿ ಆ ವಿಡಿಯೋ ಹೋಯಿತು.

ಅತ್ತೆ ತನ್ನ ಹೆಬ್ಬೆರಳನ್ನು ತಿರುಗಿಸಿ ತಿರುಗಿಸಿ ನೋಡಿಕೊಂಡಳು. "ಅಬ್ಬಿಗೆರೇಲಿ ಕುಂತು ನಾನ್ ಒತ್ತಿದ್ರೆ ಅಮೇರಿಕದೋನು ತೆಗೀತಾನೇನೋ?" ಅಂದಳು.

"ತೆಗೀಲೇಬೇಕು ಅತ್ತೆ, ರೂಲ್ಸು" ಅಂದೆ ನಾನು, ನಾನೇ ಅಮೆರಿಕದವನ ಹಾಗೆ.

ಅಲ್ಲಿಗೆ ನನ್ನ ಗ್ರಹಚಾರ ಶುರುವಾಯಿತು. ಸಂಜೆ ದೀಪ ಹಚ್ಚಿದ ಮೇಲೆ ನಮ್ಮ ಹೆಂಗಸರು ಮೊರದಲ್ಲಿ ಅಕ್ಕಿ ಹರಡಿಕೊಂಡು ಕಲ್ಲು ಆರಿಸುತ್ತಿದ್ದರು. ಈಗಿನ ಪ್ಯಾಕೆಟ್ ಅಕ್ಕಿಯಲ್ಲಿ ಕಲ್ಲಿಲ್ಲ. ಕೈ ಸುಮ್ಮನಿರುವುದಿಲ್ಲ. ಅತ್ತೆ ಅದೇ ಹೊತ್ತಿಗೆ, ಅದೇ ಜಾಗದಲ್ಲಿ, ಕಾಲು ಚಾಚಿ ಕೂತು ಇಂಟರ್ನೆಟ್ಟನ್ನು ಆರಿಸತೊಡಗಿದಳು. ಕಣ್ಣಿಗೆ ಬಿದ್ದ ಕಲ್ಲನ್ನು ಗ್ರೂಪಿಗೆ ಹಾಕುವಳು, 'ಎಲ್ಲಾರೂ ಒತ್ತಿ' ಎಂಬ ಧ್ವನಿ ಸಂದೇಶದೊಂದಿಗೆ. ಒತ್ತಿದವರು 'ಒತ್ತಾಯ್ತು' ಅಂತ ಬರೆಯಬೇಕು. ಬರೆಯದಿದ್ದವರಿಗೆ ಫೋನು ಬರುತ್ತಿತ್ತು. ಸಿನಿಮಾ ಹಾಡಿಗೆ ಕುಣಿದ ಪುಟ್ಟ ಹುಡುಗಿಯನ್ನು ಒತ್ತಿದರು, ಪ್ರವಚನದ ನಡುವೆ ನಕ್ಕ ಒಬ್ಬ ಸ್ವಾಮಿಗಳನ್ನು ಒತ್ತಿದರು. ಹುಳಿಗೆ ಸಕ್ಕರೆ ಹಾಕಿದ ಅಡುಗೆಯವಳೊಬ್ಬಳನ್ನು ಅತ್ತೆ 'ಹಿಂಸೆ' ಎಂಬ ವಿಭಾಗದಲ್ಲಿ ಒತ್ತಿಸಿದಳು. ನಾನೂ ಅಂಗಡಿಯಲ್ಲಿ ಗಿರಾಕಿಯ ಕಿವಿಗೆ ಕನ್ನಡಕದ ಕಡ್ಡಿ ಸರಿಮಾಡುತ್ತಲೇ ಒಂದು ಕೈಯಲ್ಲಿ 'ಒತ್ತಾಯ್ತು ಅತ್ತೆ' ಅಂತ ಬರೆದು, ಪಕ್ಕದಲ್ಲೊಂದು ಕೈಮುಗಿದ ಚಿತ್ರ ಹಾಕಿಬಿಡುತ್ತಿದ್ದೆ. ಅವಳು ಕಳಿಸಿದ್ದನ್ನು ನಾನು ಯಾವತ್ತೂ ತೆರೆದು ನೋಡಿದವನಲ್ಲ. ಒತ್ತಿದವನೂ ಅಲ್ಲ. ಮಿಮಿಕ್ರಿಯವನಿಗೆ ಒಪ್ಪಿಗೆಯ ಮಿಮಿಕ್ರಿ ಕಷ್ಟವೇ?

ಇತ್ತ ನಾನೊಂದು ವಿಡಿಯೋ ಮಾಡಿದೆ. ನಮ್ಮ ಮನೆಯವರು ಟೀವಿಯಲ್ಲಿ ಮುತ್ತಿನ ದೃಶ್ಯ ನೋಡುವುದು, ಅಥವಾ ನೋಡದಿರುವುದು. ತಾರಸಿಯ ಮೇಲೆ ಅಮ್ಮನ ನೈಟಿ, ಅಪ್ಪನ ಟವೆಲ್, ಅಜ್ಜಿಯ ಸೀರೆ ಒಂದಾದಮೇಲೊಂದು ಸುತ್ತಿಕೊಂಡು ಎಲ್ಲರೂ ನಾನೇ ಆದೆ. ಟೀವಿಯನ್ನು ತೋರಿಸಲೇ ಇಲ್ಲ. ಸ್ಯಾಕ್ಸಫೋನು ನನ್ನ ಬಾಯಿಂದಲೇ. ಹಾಲು, ಗೊರಕೆ, ಉಗುರು, ಫ್ಯಾನು, ಬೆರಳ ಸಂದಿ, ಎಲ್ಲವೂ ಇತ್ತು. ನನ್ನ ಜೀವನದಲ್ಲಿ ನಾನು ಮಾಡಿದ ಒಂದೇ ಒಂದು ಒಳ್ಳೆಯ ಕೆಲಸ ಅದು ಅಂತ ಇವತ್ತಿಗೂ ಅನ್ನಿಸುತ್ತದೆ. ಯಾರದೋ ಸ್ಟಾರಿನ ದನಿಯಲ್ಲ, ರಾಜಕಾರಣಿಯ ತೊದಲಲ್ಲ, ನಮ್ಮ ಮನೆಯದೇ ಸದ್ದು. ಜನ ನೋಡಿದರು. ಹೆಬ್ಬಾಳದ ಬಸ್‌ಸ್ಟಾಪಿನಲ್ಲಿ ಒಬ್ಬಳು ಹುಡುಗಿ ನನ್ನನ್ನು ಕಂಡು 'ಅಯ್ಯೋ, ಹಾಲಿಟ್ಟಿದ್ದೆ' ಅಂದಳು. ಅಂಗಡಿಗೆ ಬಂದವರು ಕನ್ನಡಕ ಹಾಕಿಕೊಳ್ಳುವ ಮೊದಲೇ ನನ್ನನ್ನು ಗುರುತು ಹಿಡಿದರು.

ಒಂದು ದಿನ ಟೀವಿ ಕಾಮಿಡಿ ಕಾರ್ಯಕ್ರಮವೊಂದರಿಂದ ಕಿರಣ್ ಎನ್ನುವವರು ಫೋನ್ ಮಾಡಿದರು. ಹೊಸಬರನ್ನು ಆರಿಸುವ ಕೆಲಸ ಅವರದು. "ಗುರು, ಬೆಂಕಿ ಐಟಂ ಮಾಡಿದ್ದೀಯಾ. ಸೋಮವಾರ ಮೀಟಿಂಗಲ್ಲಿ ಹಾಕ್ತೀನಿ, ಬಾಸ್ ನೋಡಿದ್ರೆ ನೀನು ಫಿಕ್ಸ್ ಮಗಾ. ಲಿಂಕ್ ಕಳಿಸು, ಸಾಕು" ಅಂದರು. ಇಷ್ಟು ವರ್ಷ ಗಣೇಶ, ರಾಜ್ಯೋತ್ಸವ, ಆರ್ಕೆಸ್ಟ್ರಾದ ಹಾಡುಗಾರ ಗಂಟಲು ಸರಿಮಾಡಿಕೊಳ್ಳುವವರೆಗೆ ಸ್ಟೇಜ್ ತುಂಬಿಸಲು ನಿಲ್ಲುತ್ತಿದ್ದವನು ನಾನು. ಅಂಗಡಿಯ ಕನ್ನಡಿಯಲ್ಲಿ ನನ್ನ ಮುಖ ನೋಡಿಕೊಂಡು, ಟೀವಿಗೆ ಈ ಮೂಗು ನಡೆಯುತ್ತದೆಯೇ ಅಂತ ಯೋಚಿಸಿದೆ. ನಡೆಯುತ್ತದೆ ಅನ್ನಿಸಿತು.

ಸೋಮವಾರ ಮೀಟಿಂಗಿನಿಂದ ಕಿರಣ್ ಫೋನು. "ಏನ್ ಗುರು, ಇಲ್ಲಿ ಏನೂ ಬರ್ತಿಲ್ವಲ್ಲ. ಬೂದು ಬಣ್ಣದ ಮುಖ ಒಂದು ಅಳ್ತಾ ಕೂತಿದೆ."

ತೆರೆದು ನೋಡಿದೆ. ಅಳುತ್ತಿತ್ತು. ವಿಡಿಯೋ ತೆಗೆದುಹಾಕಲಾಗಿದೆ, ಅಶ್ಲೀಲ ಎಂದು ದೂರು ಬಂದಿದೆ ಅಂತ ಕೆಳಗೆ ಬರೆದಿತ್ತು. ಅಶ್ಲೀಲ ಎಲ್ಲಿದೆ? ಅಶ್ಲೀಲವನ್ನು ನೋಡದೆ ಇರಲು ಹೆಣಗುವ ಒಂದು ಸಂಸಾರ ಅದರಲ್ಲಿತ್ತು, ಅಷ್ಟೇ. ಹಾಗಂತ ಇಂಗ್ಲಿಷಿನಲ್ಲಿ ಮೇಲ್ಮನವಿ ಬರೆದೆ. ಚಹಾ ಕುಡಿದು ಬರುವಷ್ಟರಲ್ಲಿ ಉತ್ತರ ಬಂದಿತ್ತು: ನಾವು ಕೂಲಂಕಷವಾಗಿ ಮತ್ತೊಮ್ಮೆ ಪರಿಶೀಲಿಸಿದ್ದೇವೆ, ತೀರ್ಮಾನ ಬದಲಾಗುವುದಿಲ್ಲ. ಚಹಾ ಇನ್ನೂ ಬಾಯಲ್ಲಿ ಬಿಸಿಯಾಗಿತ್ತು. ಪರಿಶೀಲಿಸಿದವರು ಯಾರು? ಯಾವ ದೇಶದ ಯಾವ ಯಂತ್ರ ನನ್ನ ಅಜ್ಜಿಯ ಗೊರಕೆಯಲ್ಲಿ ಅಶ್ಲೀಲವನ್ನು ಕಂಡಿತು? ಕೇಳೋಣವೆಂದರೆ ಕದವಿಲ್ಲ, ಕಿಟಕಿಯಿಲ್ಲ, ಗದರಿಸಿ ಹೊರಗೆ ಹಾಕಲು ಒಬ್ಬ ಜವಾನನೂ ಇಲ್ಲ. ಬೈಸಿಕೊಳ್ಳುವುದಕ್ಕೂ ಎದುರಿಗೆ ಒಬ್ಬ ಮನುಷ್ಯ ಬೇಕಲ್ಲ.

ಆ ಸಂಜೆ ಮನೆಗೆ ಹೋದವನೇ ಚಪ್ಪಲಿ ಬಿಡದೆ ಭಾಷಣ ಶುರುಮಾಡಿದೆ. ಈ ದೇಶದಲ್ಲಿ ಕಲಾವಿದನಿಗೆ ಜಾಗವಿಲ್ಲ, ಯಾವುದೋ ಸ್ಟಾರಿನ ಅಭಿಮಾನಿಗಳು ಸಂಚು ಮಾಡಿದ್ದಾರೆ, ಸರ್ಕಾರದ ಕೈವಾಡವಿದೆ, ಮಾತಿನ ಸ್ವಾತಂತ್ರ್ಯ ಸತ್ತುಹೋಯಿತು. ಅತ್ತೆಯೂ ಬಂದಿದ್ದಳು. ಗೋಡೆಗೊರಗಿ, ಕಾಲು ಚಾಚಿ, ಫೋನು ಹಿಡಿದು ಕೂತಿದ್ದಳು. ನಾನು ಉಸಿರು ತೆಗೆದುಕೊಳ್ಳಲು ನಿಂತಾಗ ತಲೆಯೆತ್ತಿ ಹೇಳಿದಳು.

"ಯಾವ ಸ್ಟಾರೂ ಅಲ್ಲ ಕಣೋ. ನಾನೇ ಒತ್ಸಿದ್ದು."

"ಅತ್ತೆ, ಅದು ನಂದು. ಅದ್ರಲ್ಲಿದ್ದದ್ದು ನಾನು."

"ಗೊತ್ತು. ಅದ್ಕೇ ಒತ್ಸಿದ್ದು. ಯಾವೋನೋ ಬೇರೆಯೋನಾಗಿದ್ರೆ ಆಳಾಗೋಗ್ಲಿ ಅಂತ ಬಿಡ್ತಿದ್ದೆ. ಮನೆ ಮಗ, ತಾರಸಿ ಮ್ಯಾಲೆ ನೈಟಿ ಆಕ್ಕೊಂಡು ಅಜ್ಜಿನ ಅಣಕಿಸ್ತಾ ಕುಣೀತಿದ್ರೆ ಸುಮ್ನಿರಕ್ಕಾಯ್ತದಾ? ನಾಳೆ ಸವಿತನ್ನ ನೋಡಕ್ಕೆ ಬಂದ ಗಂಡಿನೋರು ಏನಂತಾರೆ?"

"ಇವರೆಲ್ಲ ಒತ್ತಿದ್ರಾ?" ಅಂತ ಅಮ್ಮನ ಕಡೆ ತಿರುಗಿದೆ.

"ಅತ್ತಿಗೆ ಹೇಳಿದ್ಮೇಲೆ ನೋಡೋದೇನಿದೆ, ಒತ್ತಿದೆ" ಅಂದಳು ಅಮ್ಮ. "ನನ್ ಕೆಮ್ಮೂ ಇತ್ತಂತೆ ಅದ್ರಲ್ಲಿ."

"ನೀನು?" ಅಂದೆ ಸವಿತಳಿಗೆ. ಅವಳು ಉಗುರು ನೋಡಿಕೊಂಡಳು.

"ಅವರ್ನೆಲ್ಲಾ ಯಾಕ್ ಕೇಳ್ತೀಯ" ಅಂದಳು ಅತ್ತೆ, ಈಗ ದನಿ ಮೆತ್ತಗಾಗಿತ್ತು. "ನೀನೂ ಒತ್ತಿದ್ಯಲ್ಲಪ್ಪ. ಕೈಮುಗ್ದು ಬೇರೆ ಕಳ್ಸಿದ್ದೆ. ಅದ್ನ ನೋಡಿ, ಮಗ ತನ್ ತಪ್ಪು ತಾನೇ ತಿಳ್ಕೊಂಡ ಅಂತ ನಂಗೆ ಕಣ್ಣಲ್ಲಿ ನೀರೇ ಬಂತು."

ಗ್ರೂಪು ತೆರೆದು ಮೇಲೆ ಮೇಲೆ ಹೋಗಿ ನೋಡಿದೆ. ಇತ್ತು. ಅತ್ತೆ ಹಾಕಿದ ನನ್ನ ವಿಡಿಯೋ, ಅದರ ಕೆಳಗೆ ಎಲ್ಲರಿಗಿಂತ ಮೊದಲು ನನ್ನದೇ ಉತ್ತರ. ಒತ್ತಾಯ್ತು ಅತ್ತೆ. ಕೈಮುಗಿದ ಚಿತ್ರ. ಬಹುಶಃ ಆ ಹೊತ್ತಿನಲ್ಲಿ ಯಾರದೋ ಮೂಗಿನ ಅಳತೆ ತೆಗೆಯುತ್ತಿದ್ದೆ. ಎಲ್ಲರೂ ನನ್ನನ್ನೇ ನೋಡುತ್ತಿದ್ದರು, ಭಾಷಣದ ಉಳಿದ ಭಾಗಕ್ಕಾಗಿ ಕಾಯುತ್ತಿರುವಂತೆ. ನಾನು ಚಪ್ಪಲಿ ಬಿಟ್ಟೆ.

ಆಗ ಅಪ್ಪ ಬಾಯಿಬಿಟ್ಟರು. ವಾಕಿಂಗ್ ಮುಗಿಸಿ ಬಂದು ಬಾಗಿಲ ಹತ್ತಿರ ನಿಂತು ಕೇಳಿಸಿಕೊಳ್ಳುತ್ತಿದ್ದರು. "ನಾನು ಒತ್ಲಿಲ್ಲ" ಅಂದರು. "ನಾವು ಕೈ ಅಡ್ಡ ಇಡ್ತಿದ್ವಿ ಅಕ್ಕ. ರೀಲು ಕಿತ್ತು ಬಿಸಾಕ್ತಿರ್ಲಿಲ್ಲ. ಕೈ ತೆಗೆದ್ರೆ ಸಿನಿಮಾ ಅಲ್ಲೇ ಇರೋದು."

ನನ್ನ ಕಣ್ಣು ತೇವವಾಯಿತು. ಅಪ್ಪ ನನ್ನ ಪರವಾಗಿ ಇಷ್ಟು ದೊಡ್ಡ ಮಾತು ಹಿಂದೆ ಆಡಿದ್ದಿಲ್ಲ. ಇನ್ನೊಂದು ಗಳಿಗೆ ಹೀಗೇ ಇದ್ದಿದ್ದರೆ ಎದ್ದು ಹೋಗಿ ಅವರ ಆ ಅಂಗೈಯನ್ನು ಹಿಡಿದುಕೊಳ್ಳುತ್ತಿದ್ದೆನೋ ಏನೋ.

"ಹೌದೌದು" ಅಂದಳು ಅಮ್ಮ. "ಮ್ಯಾಟಿನಿಗೆ ಕೈ ಅಡ್ಡ. ಸೆಕೆಂಡ್ ಶೋಗೆ ಎರಡು ಕೈಯೂ ಪ್ಯಾಂಟ್ ಜೇಬಲ್ಲಿ. ಗೊತ್ತಿಲ್ವಾ ನಂಗೆ?"

ಅಪ್ಪ ಕಾಲು ತೊಳೆಯಲು ಬಚ್ಚಲಿಗೆ ಹೋದರು. ನನ್ನ ಏಕೈಕ ವಕೀಲರು ಆವತ್ತು ಬಹಳ ಹೊತ್ತು ಕಾಲು ತೊಳೆದರು.

ಮರುದಿನ ಕಿರಣ್‌ಗೆ ಫೋನ್ ಮಾಡಿ ಬೇಡಿಕೊಂಡೆ. ಆಡಿಷನ್ನಿನಲ್ಲಿ ಅದೇ ಐಟಂ ಎದುರಿಗೇ ಮಾಡಿ ತೋರಿಸುತ್ತೇನೆ ಅಂದೆ.

"ಅಶ್ಲೀಲ ಅಂತ ತೆಗ್ದಿದ್ದಾರಲ್ಲ ಗುರು. ಬಾಸ್ ಹೆದರ್ತಾರೆ. ನಮ್ದು ಫ್ಯಾಮಿಲಿ ಪ್ರೋಗ್ರಾಮು."

"ಅದೂ ಫ್ಯಾಮಿಲೀನೇ ಸಾರ್. ನಮ್ ಫ್ಯಾಮಿಲಿ."

"ನಿನ್ ಮೇಲೆ ನಂಗೆ ನಂಬಿಕೆ ಇದೆ ಮಗಾ. ಬೇರೆ ಏನಾದ್ರೂ ಸೇಫಾಗಿರೋದು ಮಾಡು."

"ಹೀರೋ ವಾಯ್ಸ್?"

"ಫ್ಯಾನ್ಸ್ ಬಂದು ಗಾಜು ಒಡೀತಾರೆ."

"ರಾಜಕಾರಣಿ?"

"ಬೇಡ ಗುರು, ನಂಗೆ ಚಿಕ್ಕ ಮಗು ಇದೆ."

"ಮೇಷ್ಟ್ರು, ಪೊಲೀಸು, ಪೂಜಾರಪ್ಪ?"

"ಸಂಘದೋರು ಬರ್ತಾರೆ. ಮೂರಕ್ಕೂ ಸಂಘ ಇದೆ."

"ಮತ್ತೆ ಏನ್ ಉಳೀತು ಸಾರ್?"

ಫೋನಿನಲ್ಲಿ ಕಿರಣ್ ಹಿಂದೆ ಯಾರದೋ ಮನೆಯ ಅಡುಗೆ ಸದ್ದು ಕೇಳುತ್ತಿತ್ತು. "ಕುಕ್ಕರ್ ಮಾಡ್ತೀಯಾ?" ಅಂದರು. "ಕುಕ್ಕರ್‌ಗೆ ಯಾರೂ ಬೇಜಾರ್ ಮಾಡ್ಕೊಳ್ಳಲ್ಲ."

ಹೀಗೆ ನಾನು ಟೀವಿಗೆ ಹೋದೆ, ಕುಕ್ಕರ್ ಆಗಿ. ಬೇಳೆ ಬೇಯುವಾಗಿನ ವಿಸಿಲ್, ಗ್ಯಾಸ್ಕೆಟ್ ಹಳೆಯದಾದಾಗಿನ ವಿಸಿಲ್, ಕೊನೆಗೆ ಅನ್ನದ ವಿಸಿಲ್. ವಾಷರಿನ ಪಕ್ಕದಲ್ಲಿ ಸೋರುವ ಹಬೆಯ ಸದ್ದಿಗೆ ಬಹಳ ಅಭ್ಯಾಸ ಮಾಡಿದ್ದೆ. ತೀರ್ಪುಗಾರರು ನನ್ನನ್ನು ನೋಡಿ ತುಂಬಾ ಕರುಣೆಯಿಂದ ನಕ್ಕರು. ಹಿಂದೆ ಕೂತಿದ್ದ ಜನ ಚಪ್ಪಾಳೆ ತಟ್ಟಬೇಕಾದಲ್ಲಿ ಒಬ್ಬ ಹುಡುಗ ಕೈ ಎತ್ತಿ ತೋರಿಸುತ್ತಿದ್ದ, ಅವರು ತಟ್ಟುತ್ತಿದ್ದರು. ಮೊದಲ ಸುತ್ತಿನಲ್ಲೇ ನನ್ನನ್ನು ಮನೆಗೆ ಕಳಿಸಿದರು. ಆದರೂ ಟೀವಿ ಟೀವಿಯೇ. ಪ್ರಸಾರದ ದಿನ ಅತ್ತೆ ಬೆಳಿಗ್ಗೆಯೇ ಬಂದಳು, ಬಳಗದವರಿಗೆಲ್ಲ ತಾನೇ ಫೋನ್ ಮಾಡಿ ಹೇಳಿದ್ದಳು. ಅಜ್ಜಿಗೆ ಹೊಸ ಸೀರೆ ಉಡಿಸಿದರು. ಅಮ್ಮ ಕೇಸರಿಬಾತು ಮಾಡಿದಳು. "ನೋಡು, ಎಷ್ಟು ಮರ್ಯಾದಸ್ತನಾಗಿ ಬರ್ತಾವ್ನೆ, ಶರಟು ಆಕ್ಕೊಂಡು" ಎಂದು ಅತ್ತೆ ಮುಂದಿನ ಸಾಲಿನಲ್ಲಿ ಕೂತಳು.

ಬಂದೆ. ಟೀವಿಯೊಳಗೆ ನಾನು ಕೆನ್ನೆ ಊದಿಸಿ, ಕಣ್ಣು ತೇಲಿಸಿ, ಒಂದು ಕೈಯನ್ನು ತಲೆಯ ಮೇಲಿಟ್ಟು ಬೇಳೆಯ ವಿಸಿಲ್ ಹೊಡೆದೆ. ಮತ್ತೆ ಹೊಡೆದೆ. ಯಾರೂ ನಗಲಿಲ್ಲ. ಮೂರನೆಯದು ಗ್ಯಾಸ್ಕೆಟ್ ಸೋರುವ ವಿಸಿಲ್. ಅಷ್ಟು ಅಸಹ್ಯವಾದದ್ದನ್ನು ನಾನು ಇಂಟರ್ನೆಟ್ಟಿನಲ್ಲೂ ನೋಡಿರಲಿಲ್ಲ. ಅಜ್ಜಿಯ ಗೊರಕೆ ಶುರುವಾಯಿತು. ಸವಿತ ಉಗುರು ನೋಡತೊಡಗಿದಳು. ಅಮ್ಮ "ಕುಕ್ಕರ್ ಕೂಗಿದ ಹಾಗಾಯ್ತು" ಎಂದು ಎದ್ದು ಅಡುಗೆಮನೆಗೆ ಹೋದಳು. ಅದು ನನ್ನ ಕಲೆಗೆ ಸಿಕ್ಕ ಮೆಚ್ಚುಗೆಯೋ, ಹಳೆಯ ಹಾಲಿನ ನೆಪವೋ, ಕೇಳುವ ಧೈರ್ಯ ನನಗಿನ್ನೂ ಬಂದಿಲ್ಲ. ಅತ್ತೆ ಎರಡೂ ಕೈಯಿಂದ ಮುಖ ಮುಚ್ಚಿಕೊಂಡಳು. ಬೆರಳುಗಳ ನಡುವೆ ಈ ಸಲ ಸಂದಿ ಇರಲಿಲ್ಲ. ನಾನು ಫ್ಯಾನು ನೋಡಿದೆ. ಕಂಪನಿಯ ಹೆಸರು ಸ್ಪಷ್ಟವಾಗಿ ಕಾಣುತ್ತಿತ್ತು.

ಅಪ್ಪ ಎದ್ದರು. ಹೆಗಲ ಮೇಲೆ ಟವೆಲ್ ಇರಲಿಲ್ಲ. ನಿಧಾನವಾಗಿ ನಡೆದು ಹೋಗಿ ಟೀವಿಯ ಪಕ್ಕ ನಿಂತು, ಎಷ್ಟೋ ವರ್ಷದ ರೂಢಿಯಲ್ಲಿ, ಅಂಗೈ ಅಡ್ಡ ಹಿಡಿದರು. ಟೀವಿ ದೊಡ್ಡದು, ಅಂಗೈ ಚಿಕ್ಕದು, ನನ್ನ ಮುಖದಷ್ಟನ್ನು ಮಾತ್ರ ಮುಚ್ಚಿತು. ಸದ್ದು ನಡೆದೇ ಇತ್ತು. ತುಸು ಹೊತ್ತಾದ ಮೇಲೆ ಅಪ್ಪ ಬೆರಳುಗಳನ್ನು ಸಡಿಲಿಸಿ ಆಯಿತೇ ಎನ್ನುವಂತೆ ನನ್ನ ಕಡೆ ನೋಡಿದರು.

"ಇನ್ನೂ ಅನ್ನದ ವಿಸಿಲ್ ಇದೆ, ಕೈ ತೆಗೀಬೇಡಪ್ಪ" ಅಂದೆ ನಾನು.